ಹಲಸಿಯ ತಾಮ್ರಪಟ ಹೇಳಿದ ಮೂರನೆಯ ಪಂಥ

ಜೈನರಲ್ಲಿ ಪಂಥಗಳೆಷ್ಟು ಎಂದು ಶಾಲೆಯ ಹುಡುಗನನ್ನು ಕೇಳಿದರೂ ಉತ್ತರ ಸಿದ್ಧವಾಗಿರುತ್ತದೆ. ಎರಡು: ದಿಗಂಬರ ಮತ್ತು ಶ್ವೇತಾಂಬರ. ಒಂದು ಪಂಥದ ಮುನಿಗಳು ಬಟ್ಟೆ ತೊರೆದವರು, ಇನ್ನೊಂದರವರು ಬಿಳಿ ಬಟ್ಟೆ ಉಡುವವರು. ಹೆಣ್ಣು ಆ ಜನ್ಮದಲ್ಲೇ ಮೋಕ್ಷ ಪಡೆಯಲಾರಳು ಎಂದು ದಿಗಂಬರರು, ಪಡೆಯಬಲ್ಲಳು ಎಂದು ಶ್ವೇತಾಂಬರರು ಹೇಳುತ್ತಾರೆ. ಇಂದಿನ ಮಟ್ಟಿಗೆ ಈ ಲೆಕ್ಕ ಸರಿಯೇ. ಆದರೆ ಇದನ್ನೇ ಸಾವಿರದೈನೂರು ವರ್ಷ ಹಿಂದಕ್ಕೆ ಒಯ್ದರೆ ಕರ್ನಾಟಕದ ಮಟ್ಟಿಗೆ ಅದು ತಾಳೆಯಾಗುವುದಿಲ್ಲ. ಹಾಗೆಂದು ತೋರಿಸಿಕೊಟ್ಟ ಸಾಕ್ಷ್ಯಗಳಲ್ಲಿ ಬಹಳ ಹಳೆಯದು ಸಿಕ್ಕಿದ್ದು ಖಾನಾಪುರ ತಾಲ್ಲೂಕಿನಲ್ಲಿ.

ಬೆಳಗಾವಿಯಿಂದ ಉದ್ಯಮಬಾಗದ ಕಾರ್ಖಾನೆಗಳ ಸಾಲು ದಾಟಿ ಖಾನಾಪುರದ ರಸ್ತೆ ಹಿಡಿದು, ಮುಂದೆ ಸಂಗೊಳ್ಳಿ ರಾಯಣ್ಣನ ಸಮಾಧಿಯಿರುವ ನಂದಗಡದ ಮೇಲೆ ಹೋದರೆ ಹಲಸಿ ಬರುತ್ತದೆ. ಅಲ್ಲಿಗೆ ಹೋದವರು ಭೂವರಾಹ ನರಸಿಂಹ ದೇವಾಲಯವನ್ನು ನೋಡಿ ಮರಳುವುದೇ ರೂಢಿ. ಆ ದೇವಾಲಯ ಗೋವೆಯ ಕದಂಬರ ಕಾಲದ್ದು, 12ನೇ ಶತಮಾನದ್ದು. ಅದಕ್ಕೂ ಏಳು ನೂರು ವರ್ಷ ಮೊದಲೇ ಈ ಊರು ಪಲಾಶಿಕಾ ಎಂಬ ಹೆಸರಿನಲ್ಲಿ ಬನವಾಸಿಯ ಕದಂಬರಿಗೆ ಎರಡನೆಯ ರಾಜಧಾನಿಯಂತಿತ್ತು. ಊರ ಹೊರಗೆ ನಂದಗಡದ ದಾರಿಯಲ್ಲಿ ಚಕ್ರತೀರ್ಥವೆಂಬ ಬಾವಿಯುಂಟು. ಅದರ ಬಳಿಯ ಮಣ್ಣಿನ ದಿಬ್ಬದಲ್ಲಿ 19ನೇ ಶತಮಾನದಲ್ಲಿ ಏಳು ತಾಮ್ರಶಾಸನಗಳು ದೊರೆತವು. ಮುಂಬಯಿ ಸಿವಿಲ್ ಸರ್ವಿಸಿನ ಅಧಿಕಾರಿ, ಕನ್ನಡ ನಾಡಿನ ಶಾಸನಗಳಿಗಾಗಿ ತಮ್ಮ ಬಿಡುವನ್ನೆಲ್ಲ ಸವೆಸಿದ ಜೆ. ಎಫ್. ಫ್ಲೀಟ್ ಅವುಗಳನ್ನು ಓದಿ 1877ರ ಸುಮಾರಿಗೆ 'ಇಂಡಿಯನ್ ಆಂಟಿಕ್ವರಿ'ಯಲ್ಲಿ ಪ್ರಕಟಿಸಿದರು.

ಅವುಗಳಲ್ಲಿ ಒಂದು ಮೃಗೇಶವರ್ಮನ ಎಂಟನೆಯ ಆಳ್ವಿಕೆಯ ವರ್ಷದ್ದು, ಅಂದರೆ 5ನೇ ಶತಮಾನದ್ದು. ತೀರಿಕೊಂಡ ತಂದೆಯ ಮೇಲಿನ ಭಕ್ತಿಯಿಂದ ಅರಸ ಪಲಾಶಿಕೆಯಲ್ಲಿ ಒಂದು ಜಿನಾಲಯ ಕಟ್ಟಿಸಿ 33 ನಿವರ್ತನ ಭೂಮಿ ಬಿಟ್ಟುಕೊಟ್ಟ. ಕೊಟ್ಟದ್ದು ಯಾರಿಗೆ? ಯಾಪನೀಯರಿಗೆ, ನಿರ್ಗ್ರಂಥರಿಗೆ ಮತ್ತು ಕೂರ್ಚಕರಿಗೆ. ನಿರ್ಗ್ರಂಥರೆಂದರೆ ಇಂದು ನಾವು ದಿಗಂಬರರೆನ್ನುವವರು. ಮಿಕ್ಕ ಇಬ್ಬರು ಯಾರು? ಕೂರ್ಚಕರ ವಿಷಯ ಇಂದಿಗೂ ಹೆಚ್ಚಾಗಿ ಊಹೆಯೇ. ಯಾಪನೀಯರ ಕತೆ ಹಾಗಲ್ಲ. ಮೃಗೇಶನ ಮಗ ರವಿವರ್ಮನ ಇನ್ನೊಂದು ಹಲಸಿ ಶಾಸನದಲ್ಲಿ ಅವರು ಮತ್ತೆ ಬರುತ್ತಾರೆ. ಪ್ರತಿವರ್ಷ ಕಾರ್ತಿಕ ಹುಣ್ಣಿಮೆಗೆ ಎಂಟು ದಿನ ಜಿನೋತ್ಸವ ನಡೆಯಬೇಕು, ಮಳೆಗಾಲದ ನಾಲ್ಕು ತಿಂಗಳು ಯಾಪನೀಯ ತಪಸ್ವಿಗಳಿಗೆ ಅನ್ನ ಸಲ್ಲಬೇಕು ಎಂದು ಅಲ್ಲಿ ಕಟ್ಟಳೆ ಮಾಡಲಾಗಿದೆ.

ಆ ತನಕ ಈ ಪಂಥದ ಬಗ್ಗೆ ಪಂಡಿತರಿಗೆ ತಿಳಿದಿದ್ದುದು ಎದುರಾಳಿಗಳು ಬರೆದಿಟ್ಟದ್ದು ಮಾತ್ರ. 10ನೇ ಶತಮಾನದ ದೇವಸೇನ ತನ್ನ 'ದರ್ಶನಸಾರ'ದಲ್ಲಿ, ಕಲ್ಯಾಣದಲ್ಲಿ ಶ್ರೀಕಲಶನೆಂಬ ಶ್ವೇತಾಂಬರ ಯತಿಯಿಂದ ಯಾಪನೀಯ ಸಂಘ ಹುಟ್ಟಿತೆಂದು ಬರೆದ. ಬಹಳ ತಡವಾಗಿ ಬಂದ ರತ್ನನಂದಿಯ 'ಭದ್ರಬಾಹುಚರಿತೆ' ಇದಕ್ಕೆ ಒಂದು ರಂಜಕ ಕತೆಯನ್ನೇ ಸೇರಿಸಿತು. ಕರಹಾಟಕದ (ಇಂದಿನ ಕರಾಡ) ಅರಸ ತನ್ನ ರಾಣಿಯ ಮಾತಿಗೆ ಒಪ್ಪಿ ಶ್ವೇತಾಂಬರ ಯತಿಗಳನ್ನು ಎದುರುಗೊಳ್ಳಲು ಹೋದನಂತೆ. ಅವರ ಬಟ್ಟೆ, ಕೋಲು, ಪಾತ್ರೆ ಕಂಡು ಮುಖ ತಿರುಗಿಸಿ ಬಂದನಂತೆ. ಆಗ ರಾಣಿ ಅವರನ್ನು ಬೇಡಿಕೊಂಡು ಬಟ್ಟೆ ಕಳಚಿಸಿದಳು. ನೋಟಕ್ಕೆ ದಿಗಂಬರರು, ನಡೆಯಲ್ಲಿ ಶ್ವೇತಾಂಬರರು ಆದ ಇವರೇ ಯಾಪನೀಯರು ಎಂಬುದು ಕತೆಯ ತಿರುಳು. ಇಂದ್ರನಂದಿಯ 'ನೀತಿಸಾರ' ಇವರನ್ನು ಜೈನಾಭಾಸರ, ಅಂದರೆ ಹೆಸರಿಗೆ ಮಾತ್ರ ಜೈನರಾದವರ ಪಟ್ಟಿಗೆ ಸೇರಿಸಿತು. ಗೆದ್ದವರು ಬರೆದ ಇಂಥ ಕತೆಗಳನ್ನೇ ನಂಬಿದ್ದರೆ ಯಾಪನೀಯರು ಒಂದು ವೇಷ, ಒಂದು ರಾಜಿ ಎಂದಷ್ಟೇ ತೋರುತ್ತಿತ್ತು. ತಾಮ್ರಪಟವೋ ಅವರನ್ನು ನಿರ್ಗ್ರಂಥರ ಪಕ್ಕದಲ್ಲೇ, ಅದೂ ಮೊದಲ ಹೆಸರಾಗಿ ನಿಲ್ಲಿಸುತ್ತದೆ.

ಚದುರಿದ ಈ ಸುಳಿವುಗಳನ್ನು ಒಟ್ಟುಗೂಡಿಸಿ ಯಾಪನೀಯರಿಗೆ ಇತಿಹಾಸದಲ್ಲಿ ಜಾಗ ಮಾಡಿಕೊಟ್ಟವರಲ್ಲಿ ಮುಖ್ಯರು ಇದೇ ಜಿಲ್ಲೆಯ ಸದಲಗಾದಲ್ಲಿ 1906ರಲ್ಲಿ ಹುಟ್ಟಿದ ಆ. ನೇ. ಉಪಾಧ್ಯೆ. ಕೊಲ್ಹಾಪುರದ ರಾಜಾರಾಮ್ ಕಾಲೇಜಿನಲ್ಲಿ ಅರ್ಧಮಾಗಧಿ ಕಲಿಸುತ್ತಿದ್ದ ಅವರು 1933ರಲ್ಲಿ, ತಮ್ಮ 27ನೆಯ ವಯಸ್ಸಿನಲ್ಲಿ, ಯಾಪನೀಯ ಸಂಘದ ಬಗ್ಗೆ ಲೇಖನ ಬರೆದರು. ನಾಲ್ಕು ದಶಕ ಕಳೆದು 1974ರಲ್ಲಿ ಅದೇ ವಿಷಯಕ್ಕೆ ಮರಳಿ ಇನ್ನಷ್ಟು ಶಾಸನಗಳನ್ನು ಒದಗಿಸಿದರು. ಅವರು ಎತ್ತಿ ತೋರಿಸಿದ ಸಂಗತಿಗಳಲ್ಲಿ ಒಂದು ಬೆಳಗಾವಿ ನಗರದ್ದೇ. ದೊಡ್ಡಬಸದಿಯ ನೇಮಿನಾಥ ಮೂರ್ತಿಯ ಪೀಠದ ಬರಹದಂತೆ ಆ ಬಸದಿಯನ್ನು 1013ರಲ್ಲಿ ಕಟ್ಟಿಸಿದವನು ಯಾಪನೀಯ ಸಂಘದ ಪಾರಿಸಯ್ಯ. ಮೂರ್ತಿಗೆ ಪೂಜೆ ಸಲ್ಲಿಸುತ್ತ ಬಂದವರು ದಿಗಂಬರರು. ಯಾಪನೀಯರು ದೇಶ ಬಿಟ್ಟು ಹೋಗಲಿಲ್ಲ, ನೆರೆಯವರಲ್ಲಿ ಕರಗಿದರು ಎನ್ನಲು ಇದಕ್ಕಿಂತ ಒಳ್ಳೆಯ ಸಾಕ್ಷಿ ಬೇಕೆ?

ಇನ್ನೊಂದು ತಪ್ಪು ತಿಳಿವಳಿಕೆಯನ್ನು ಬಿಡಿಸಿದವರು ಕೆ. ಬಿ. ಪಾಠಕರು, 1898ರಲ್ಲಿ 'ಕವಿರಾಜಮಾರ್ಗ'ವನ್ನು ಅಚ್ಚಿಗೆ ತಂದ ಪಾಠಕರೇ. ಪಾಣಿನಿ ತನಗಿಂತ ಹಿಂದಿನ ಶಾಕಟಾಯನನೆಂಬ ವೈಯಾಕರಣನನ್ನು ಹೆಸರಿಸುತ್ತಾನೆ. ಶಾಕಟಾಯನನ ಹೆಸರಿನ ವ್ಯಾಕರಣದ ಹಸ್ತಪ್ರತಿಗಳು ದಕ್ಷಿಣದಲ್ಲಿ ಸಿಕ್ಕಾಗ ಯುರೋಪಿನ ವಿದ್ವಾಂಸರು ಕೆಲವರು ಪಾಣಿನಿಗೂ ಹಳೆಯ ಗ್ರಂಥವೇ ದೊರೆಯಿತೆಂದು ಹಿಗ್ಗಿದರು. 1893ರಲ್ಲಿ ಗುಸ್ತಾವ್ ಒಪ್ಪರ್ಟ್ ಅದನ್ನು ಮದ್ರಾಸಿನಲ್ಲಿ ಅಚ್ಚು ಹಾಕಿಸಿದರು. ಪಾಠಕರು ಒಳಗಿನ ಉದಾಹರಣೆಗಳನ್ನು ಹಿಡಿದು ಅವನು ರಾಷ್ಟ್ರಕೂಟ ಅಮೋಘವರ್ಷನ ಕಾಲದ, 9ನೇ ಶತಮಾನದ ಜೈನನೆಂದು ತೋರಿಸಿದರು. ತನ್ನ ವೃತ್ತಿಗೆ ಅವನು ಇಟ್ಟ ಹೆಸರೇ 'ಅಮೋಘವೃತ್ತಿ'! ಅವನು ಯಾಪನೀಯ ಯತಿಗಳ ಮುಖಂಡನೆಂದು 12ನೇ ಶತಮಾನದ ಶ್ವೇತಾಂಬರ ಪಂಡಿತ ಮಲಯಗಿರಿ ಹೇಳಿದ್ದಾನೆ.

ಈ ಶಾಕಟಾಯನ, ಪಾಲ್ಯಕೀರ್ತಿ ಎಂಬುದು ಅವನ ಇನ್ನೊಂದು ಹೆಸರು, ಬರೆದ 'ಸ್ತ್ರೀನಿರ್ವಾಣಪ್ರಕರಣ' ನಿಜಕ್ಕೂ ನಿಧಾನವಾಗಿ ಓದಬೇಕಾದ ಕೃತಿ. ಬೆತ್ತಲೆ ಮುನಿಗಳ ಸಂಘಕ್ಕೆ ಸೇರಿದ ಒಬ್ಬ ಕರ್ನಾಟಕದ ವಿದ್ವಾಂಸ ಹೆಣ್ಣಿನ ಪರವಾಗಿ ಹೂಡಿದ ವಾದ ಅದು. ಬಟ್ಟೆ ಪರಿಗ್ರಹ, ಹೆಣ್ಣು ಬಟ್ಟೆ ಬಿಡುವಂತಿಲ್ಲ, ಆದ್ದರಿಂದ ಮೋಕ್ಷವಿಲ್ಲ ಎಂಬುದು ಎದುರು ಪಕ್ಷ. ಹಾಗಾದರೆ ಮುನಿಯ ಕೈಯಲ್ಲಿರುವ ನವಿಲುಗರಿಯ ಪಿಂಛಿ ಏನು? ಸಂಯಮಕ್ಕಾಗಿ ಹಿಡಿದದ್ದು ಪರಿಗ್ರಹವಲ್ಲವಾದರೆ ಸಂಯಮಕ್ಕಾಗಿ ಉಟ್ಟದ್ದೂ ಅಲ್ಲ. ಇನ್ನೊಂದು ಆಕ್ಷೇಪ ಬಲು ಸೂಕ್ಷ್ಮ. ಹೆಣ್ಣು ಏಳನೆಯ ನರಕಕ್ಕೆ ಬೀಳುವಷ್ಟು ಘೋರ ಪಾಪವನ್ನೇ ಮಾಡಲಾರಳು; ಅಷ್ಟು ಆಳಕ್ಕೆ ಇಳಿಯಲಾರದವಳು ಅಷ್ಟು ಎತ್ತರಕ್ಕೆ ಹೇಗೆ ಏರುತ್ತಾಳೆ? ಶಾಕಟಾಯನ ಎದುರಾಳಿಗಳು ಒಪ್ಪಿದ ಶಾಸ್ತ್ರವನ್ನೇ ಅವರ ಮುಂದಿಡುತ್ತಾನೆ. ಹಕ್ಕಿ, ಮೃಗ, ಹಾವು, ಮೀನು ಬೇರೆ ಬೇರೆ ನರಕಗಳ ತನಕ ಇಳಿಯುತ್ತವೆ, ಆದರೂ ಏರುವುದು ಒಂದೇ ಸ್ವರ್ಗಕ್ಕೆ ಎಂದು ನೀವೇ ಹೇಳುತ್ತೀರಿ. ಇಳಿಯುವ ಆಳಕ್ಕೂ ಏರುವ ಎತ್ತರಕ್ಕೂ ನಂಟೆಲ್ಲಿದೆ?

ದಿಗಂಬರರು ಇದನ್ನು ಕಡೆಗಣಿಸಲಿಲ್ಲ. ಧಾರಾನಗರದ ಪ್ರಭಾಚಂದ್ರ 11ನೇ ಶತಮಾನದಲ್ಲಿ ಇದಕ್ಕೆ ದೀರ್ಘ ಉತ್ತರ ಬರೆದ. ಇತ್ತ ಶ್ವೇತಾಂಬರರು ಇದೇ ತರ್ಕವನ್ನು ಎರವಲು ಪಡೆದರು, ಮೂಲವನ್ನೂ ತಮ್ಮ ಗುಜರಾತಿನ ಭಂಡಾರಗಳಲ್ಲಿ ಕಾಪಾಡಿದರು. ಮುನಿ ಜಂಬೂವಿಜಯರು 1974ರಲ್ಲಿ ಅದನ್ನು ಸಂಪಾದಿಸಿದರು. ಮೂಡುಬಿದಿರೆ ಸಮೀಪದ ನೆಲ್ಲಿಕಾರಿನಲ್ಲಿ ಹುಟ್ಟಿ ಅಮೆರಿಕೆಯ ಬರ್ಕ್ಲಿಯಲ್ಲಿ ಪ್ರಾಧ್ಯಾಪಕರಾಗಿದ್ದ ಪದ್ಮನಾಭ ಜೈನಿ 1991ರಲ್ಲಿ ಈ ಇಡೀ ವಾಗ್ವಾದವನ್ನು ಇಂಗ್ಲಿಷಿಗೆ ತಂದ ಮೇಲೆ, ಹೆಣ್ಣಿನ ಮೋಕ್ಷದ ಪ್ರಶ್ನೆ ಭಾರತದಲ್ಲಿ ಎಷ್ಟು ಹಿಂದೆ, ಎಷ್ಟು ಬಿಗಿಯಾದ ತರ್ಕದಲ್ಲಿ ಚರ್ಚೆಯಾಗಿತ್ತೆಂದು ಹೊರಗಿನವರೂ ಕಂಡರು.

ಮರುಚಿಂತನೆ ಒಮ್ಮೆ ರುಚಿ ಹತ್ತಿದರೆ ಮಿತಿ ಮೀರುವುದೂ ಉಂಟು. ನಾಥೂರಾಮ ಪ್ರೇಮಿ, ಉಪಾಧ್ಯೆ ಮೊದಲಾದವರು 'ಭಗವತೀ ಆರಾಧನಾ' ಯಾಪನೀಯ ಕೃತಿಯೆಂದು ಹೇಳಲು ಕಾರಣ ಕೊಟ್ಟರು. ನಮ್ಮ 'ವಡ್ಡಾರಾಧನೆ'ಯ ಕತೆಗಳ ಬೇರು ಇರುವುದು ಅದರ ಗಾಹೆಗಳಲ್ಲೇ ಆದ್ದರಿಂದ ಕನ್ನಡಿಗರಿಗೆ ಇದು ದೂರದ ಮಾತಲ್ಲ. ಆದರೆ ಎರಡು ಪೆಟ್ಟಿಗೆಗಳಲ್ಲಿ ಹಿಡಿಸದ ಪ್ರತಿಯೊಂದು ಗ್ರಂಥವನ್ನೂ ಮೂರನೆಯ ಪೆಟ್ಟಿಗೆಗೆ ತುರುಕುವುದು ಸರಿಯೆನಿಸುವುದಿಲ್ಲ. ಒಂದು ಹಳೆಯ ಗ್ರಂಥ ಪಂಥಗಳು ಗಟ್ಟಿಗೊಳ್ಳುವ ಮುಂಚಿನದೂ ಆಗಿರಬಹುದಲ್ಲ! ಅತ್ತ, ಗ್ರಂಥವೊಂದನ್ನು ಯಾಪನೀಯ ಎಂದ ಕೂಡಲೇ ದಿಗಂಬರರ ಆಸ್ತಿಗೆ ಯಾರೋ ಕೈಹಾಕಿದರೆಂದು ಸಿಡಿಮಿಡಿಗೊಳ್ಳುವುದಕ್ಕೂ ಅರ್ಥವಿಲ್ಲ. ದೊಡ್ಡಬಸದಿಯ ನೇಮಿನಾಥನಿಗೆ ಪೂಜೆ ನಿಲ್ಲಲಿಲ್ಲವಷ್ಟೆ.

ಹಲಸಿಯ ಶಾಸನದ ಬಳಿಕ ಯಾಪನೀಯರು ಸಾವಿರ ವರ್ಷದ ಹತ್ತಿರ ಬಾಳಿದರು. ಪುನ್ನಾಗವೃಕ್ಷಮೂಲ ಮೊದಲಾದ ಅವರ ಗಣಗಳ ಹೆಸರು ಉತ್ತರ ಕರ್ನಾಟಕದ ಕಲ್ಲುಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಅವರ ಕೊನೆಯ ದಾಖಲೆಗಳಲ್ಲಿ ಒಂದಿರುವುದೂ ಬೆಳಗಾವಿ ಜಿಲ್ಲೆಯಲ್ಲೇ, ಕಾಗವಾಡದ ಬಸದಿಯ ನೆಲಮಾಳಿಗೆಯಲ್ಲಿ. 1394ರ ಆ ಬರಹದಲ್ಲಿ ಪುನ್ನಾಗವೃಕ್ಷಮೂಲ ಗಣದ ನೇಮಿಚಂದ್ರ, ಧರ್ಮಕೀರ್ತಿ, ನಾಗಚಂದ್ರರ ಹೆಸರುಗಳಿವೆ.