ಖರಾಬು ನೆಲದ ಹೊನ್ನಾವರಿಕೆ

ಗದಗಿನಿಂದ ವಿಜಾಪುರದ ಕಡೆಗೆ ಹೋಗುವ ರೇಲ್ವೆಗಾಡಿಯಲ್ಲಿ ಕುಳಿತು ಮಲ್ಲಾಪುರವನ್ನು ದಾಟಿದವರ ಕಣ್ಣಿಗೆ ಮೊದಲು ಬೀಳುವದು ಎರೆಯ ಬಯಲು. ನೋಡಿದಷ್ಟು ದೂರ ಕರಿಯ ನೆಲ. ಮರದ ನೆರಳೆಂಬದು ಅಪರೂಪ. ಮುಂದೆ ಹೊಳೆಆಲೂರಿನ ನಿಲ್ದಾಣ, ಅದರಾಚೆ ಮಲಪ್ರಭೆ, ಸೇತುವೆಯನ್ನು ದಾಟಿದರೆ ಬಾದಾಮಿಯ ಸೀಮೆ. ಈ ದಾರಿಯಲ್ಲಿ ಮಳೆಗಾಲವು ಕಳೆಯುವ ಹೊತ್ತಿಗೆ ಹಳಿಗಳ ಇಕ್ಕೆಲದ ಏರಿಯ ಮೇಲೂ ಹೊಲಗಳ ಬದುಗಳ ಮೇಲೂ ಹಳ್ಳದ ದಂಡೆಗಳಲ್ಲಿಯೂ ಎದೆಯುದ್ದದ ಒಂದು ಪೊದೆಯು ಅರಿಸಿನವನ್ನು ಚೆಲ್ಲಿದಂತೆ ಹೂತು ನಿಲ್ಲುವದು. ಜೊತೆಯ ಪ್ರಯಾಣಿಕರು ಹತ್ತಿಯ ಧಾರಣೆಯನ್ನೂ ಜೋಳದ ಬೆಳೆಯನ್ನೂ ಕುರಿತು ಮಾತಾಡುವರು. ಈ ಪೊದೆಯನ್ನು ಕುರಿತು ಮಾತೆತ್ತಿದವರನ್ನು ನಾನು ಕಂಡಿಲ್ಲ. ನಾವಾಗಿ ಕೇಳಿದರೆ "ಅದಾ? ತಂಗಡಿರೀ" ಎಂದಷ್ಟೇ ಹೇಳಿ ಸುಮ್ಮನಾಗುವರು.

ತಂಗಡಿಗೆ ಆವರಿಕೆಯೆಂದೂ ಹೊನ್ನಾವರಿಕೆಯೆಂದೂ ಹೆಸರುಂಟು. ತೆಲುಗರು ಇದನ್ನು ತಂಗೇಡು ಎನ್ನುವರು. ತಮಿಳರಿಗೆ ಇದು ಆವಾರಂ, ಮರಾಠಿಗರಿಗೆ ತರವಡ. ಸಂಸ್ಕೃತದಲ್ಲಿ ಆವರ್ತಕೀ ಎಂಬ ಹೆಸರಿನೊಡನೆ ಚರ್ಮರಂಗಾ ಎಂಬ ಇನ್ನೊಂದು ಹೆಸರಿದೆ. ಈ ಎರಡನೆಯದನ್ನು ವಾಚಕರು ನೆನಪಿನಲ್ಲಿಡಬೇಕು. ಸ್ವೀಡನ್ ದೇಶದ ಲಿನೇಯಸನು 1753ರಲ್ಲಿ ಗಿಡಮರಗಳಿಗೆಲ್ಲ ಲ್ಯಾಟಿನ್ ಹೆಸರುಗಳನ್ನು ಕೊಟ್ಟಾಗ ಇದನ್ನು 'ಕಿವಿಯುಳ್ಳದ್ದು' ಎಂಬ ಅರ್ಥದ ಶಬ್ದದಿಂದ ಕರೆದನು. ಎಲೆಯ ದಂಟಿನ ಬುಡದಲ್ಲಿ ಪುಟ್ಟ ಕಿವಿಗಳಂತೆ ಎರಡು ಉಪಪತ್ರಗಳಿರುವದನ್ನು ಕಂಡವರಿಗೆ ಆ ಹೆಸರಿನ ಔಚಿತ್ಯವು ಒಡನೆಯೇ ಹೊಳೆಯುವದು. ಇದು ಕಕ್ಕೆಯ ಮರದ ಸಮೀಪದ ಬಂಧು. ಹೂವಿನಲ್ಲಿ ಜೇನಿಲ್ಲ, ಪರಾಗ ಮಾತ್ರವಿದೆ. ಅದೂ ಕೇಸರಗಳ ತುದಿಯ ಸಣ್ಣ ರಂಧ್ರಗಳೊಳಗೆ ಅಡಗಿರುವದರಿಂದ, ಕರಿಯ ದುಂಬಿಗಳು ಬಂದು ಹೂವನ್ನು ಹಿಡಿದು ಝೇಂಕರಿಸಿ ಅಲುಗಾಡಿಸಿದಾಗಲೇ ಉದುರುವದು. ಹೂ ತೀರಿದ ಬಳಿಕ ಕಾಗದದಷ್ಟು ತೆಳುವಾದ ಕಂದುಬಣ್ಣದ ಚಪ್ಪಟೆ ಕಾಯಿಗಳು ಗೊಂಚಲು ಗೊಂಚಲಾಗಿ ತೂಗಾಡುವವು.

ಇಂಥ ಗಿಡವು ಇಲ್ಲಿಯೇ ಏಕೆ ಹೀಗೆ ಹಬ್ಬಿತು? ರೋಣ, ನರಗುಂದಗಳ ಸೀಮೆಯಲ್ಲಿ ವರ್ಷದ ಮಳೆಯು 25 ಅಂಗುಲವನ್ನು ಮುಟ್ಟುವದೇ ಪ್ರಯಾಸ. ಎರೆಯು ಬೇಸಿಗೆಯಲ್ಲಿ ಕಾಲು ಸಿಕ್ಕಿಕೊಳ್ಳುವಷ್ಟು ಬಿರಿಯುವದು, ಮಳೆ ಬಿದ್ದರೆ ಬಂಡಿಯ ಗಾಲಿಯನ್ನು ನುಂಗುವದು. ಗಜೇಂದ್ರಗಡದತ್ತ ಹೋದರೆ ಕಲ್ಲುಗುಡ್ಡಗಳು, ಅವುಗಳ ಬುಡದಲ್ಲಿ ಮಸಾರಿ. ತಂಗಡಿಯು ಈ ಎರಡು ಬಗೆಯ ನೆಲಗಳಿಗೂ ಹೊಂದಿಕೊಂಡಿದೆ. ಕಡಿದರೆ ಬುಡದಿಂದ ಮತ್ತೆ ಚಿಗುರುವದು. ದನಗಳಾಗಲಿ ಆಡುಗಳಾಗಲಿ ಇದಕ್ಕೆ ಸುಲಭವಾಗಿ ಬಾಯಿ ಹಾಕುವದಿಲ್ಲ. ಆದುದರಿಂದ ಗಾಯರಾಣದಲ್ಲಿ ಹುಲ್ಲೆಲ್ಲ ಸವೆದ ಮೇಲೆಯೂ ಇದು ಉಳಿಯುವದು. ಬೇಸಾಯದ ನೆಲದೊಳಗೆ ಮಾತ್ರ ಇದಕ್ಕೆ ಸ್ಥಳವಿಲ್ಲ. 1840ರ ದಶಕದಲ್ಲಿ ವಿಂಗೇಟ್ ಸಾಹೇಬರ ಮೇಲ್ವಿಚಾರಣೆಯಲ್ಲಿ ಧಾರವಾಡ ಜಿಲ್ಲೆಯ ಮೋಜಣಿಯು ನಡೆದಾಗ, ಒಂದೊಂದು ಸರ್ವೆ ನಂಬರಿನೊಳಗೂ ಉಳುಮೆಗೆ ಬಾರದ ತುಣುಕನ್ನು 'ಪೋಟ ಖರಾಬು' ಎಂದು ಬೇರೆ ಬರೆದು, ಅದಕ್ಕೆ ಕಂದಾಯವನ್ನು ಬಿಟ್ಟುಕೊಟ್ಟರು. ತಂಗಡಿಯ ನಿಜವಾದ ಸೀಮೆ ಇದೇ. ಕಂದಾಯವಿಲ್ಲದ ನೆಲದ ಮೇಲಿನ ಬೆಳೆಗೆ ದಫ್ತರದಲ್ಲಿ ಲೆಕ್ಕವಿಲ್ಲ. ಲೆಕ್ಕವಿಲ್ಲದ್ದಕ್ಕೆ ಚರಿತ್ರೆಯಿಲ್ಲವೆಂದು ನಾವೂ ಭಾವಿಸಿಬಿಟ್ಟಿದ್ದೇವೆ.

ಇದು ಎಷ್ಟು ದೊಡ್ಡ ತಪ್ಪೆಂಬದು ಒಕ್ಕಲಿಗನ ಮನೆಯ ಹಳೆಯ ಸಾಮಾನುಗಳನ್ನು ನೋಡಿದರೆ ತಿಳಿಯುವದು. ಎತ್ತಿನ ಕೊರಳಪಟ್ಟಿ, ನೊಗಕ್ಕೆ ಬಿಗಿಯುವ ಮಿಣಿ, ಬಾರುಕೋಲು, ಕಾಲಿನ ಕೆರವು, ಕಪಿಲೆಯಿಂದ ನೀರೆತ್ತುವ ಚರ್ಮದ ಚೀಲ, ಇವೆಲ್ಲ ಹದಮಾಡಿದ ತೊಗಲಿನವು. ತೊಗಲನ್ನು ಹದಗೊಳಿಸುವ ಒಗರು ಜಾಲಿಯ ಚಕ್ಕೆಯಲ್ಲಿದೆ, ತಂಗಡಿಯ ತೊಗಟೆಯಲ್ಲಿಯೂ ಇದೆ. ತಂಗಡಿಯ ತೊಗಟೆಯಲ್ಲಿ ನೂರಕ್ಕೆ ಸುಮಾರು 18 ಪಾಲು ಈ ಒಗರು ಇರುವದಾಗಿ ರಸಾಯನಶಾಸ್ತ್ರಜ್ಞರು ಕಂಡುಕೊಂಡಿದ್ದಾರೆ. ಅವರು ಕಾಣುವ ಮೊದಲೇ ಅದನ್ನು ಕೈಯಿಂದ ಬಲ್ಲವರಿದ್ದರು. ತೊಗಲನ್ನು ಮೊದಲು ಸುಣ್ಣದ ನೀರಿನಲ್ಲಿ ನೆನೆಹಾಕಿ ಕೂದಲನ್ನು ಸಡಿಲಿಸಿ ಹೆರೆಯುವರು. ಬಳಿಕ ಸುಣ್ಣವು ಹೋಗುವ ವರೆಗೆ ತೊಳೆದು, ತೊಗಟೆಯನ್ನು ಕುಟ್ಟಿ ನೆನೆಸಿದ ನೀರಿನಲ್ಲಿ ಮುಳುಗಿಸುವರು. ಮೊದಲು ತೆಳ್ಳನೆಯ ರಸ, ದಿನ ಕಳೆದಂತೆ ಗಟ್ಟಿಯಾದ ರಸ. ಒಮ್ಮೆಲೇ ಗಟ್ಟಿಯಾದುದರಲ್ಲಿ ಹಾಕಿದರೆ ಮೇಲ್ಮೈಯು ಬಿಗಿದು ಒಳಗು ಹಸಿಯಾಗಿಯೇ ಉಳಿಯುವದು. ದಪ್ಪನೆಯ ತೊಗಲಾದರೆ ಅದನ್ನೇ ಚೀಲದಂತೆ ಹೊಲಿದು, ಕುಟ್ಟಿದ ತೊಗಟೆಯನ್ನೂ ನೀರನ್ನೂ ತುಂಬಿ, ಗಳುವಿಗೆ ತೂಗುಹಾಕಿ ರಸವನ್ನು ಮೆಲ್ಲನೆ ಒಸರಗೊಡುವರು. ತಂಗಡಿಯಿಂದ ಹದವಾದ ತೊಗಲು ಬಿಸಿಲಿಗೆ ಕೆಂಪೇರುವ ಸ್ವಭಾವದ್ದು; ಅದನ್ನು ತಡೆಯಲು ಕಡೆಗೆ ಅಳಲೆಕಾಯಿಯ ನೀರನ್ನು ಕಾಣಿಸುವರು. ಎಷ್ಟು ದಿನ, ಎಷ್ಟು ತೊಗಟೆ, ಯಾವ ನೀರು ಎಂಬದನ್ನೆಲ್ಲ ಮೂಗು, ಕೈ, ನಾಲಗೆಗಳೇ ಹೇಳಬೇಕು. ಇದು ವಿದ್ಯೆಯಲ್ಲವೆ? ಆದರೆ ಆ ವಿದ್ಯೆಯ ವಾಸನೆಯನ್ನು ಸಹಿಸದ ಊರು ಅದನ್ನು ಬಲ್ಲವರನ್ನು ಊರ ಹೊರಗಿರಿಸಿ, ಅವರು ಮಾಡಿಕೊಟ್ಟ ಮಿಣಿಯಿಂದಲೇ ಎತ್ತು ಹೂಡಿತು.

ಆ ಜನರಿಗೆ ನಮ್ಮ ಕಡೆಗೆ ಡೋಹರರೆಂದು ಹೆಸರು. ಇದೇ ಮಲಪ್ರಭೆಯು ಹೊಳೆಆಲೂರನ್ನು ಬಿಟ್ಟು ಪಟ್ಟದಕಲ್ಲು, ಐಹೊಳೆಗಳ ಮಗ್ಗುಲಲ್ಲಿ ಹರಿದು ಕೂಡಲಸಂಗಮದಲ್ಲಿ ಕೃಷ್ಣೆಯನ್ನು ಸೇರುವದು. ಅಲ್ಲಿ ಬೆಳೆದ ಬಸವಣ್ಣನವರು ಹನ್ನೆರಡನೆಯ ಶತಮಾನದಲ್ಲಿ ಡೋಹರ ಕಕ್ಕಯ್ಯನನ್ನು ತಮ್ಮ ಹಿರಿಯರ ಸ್ಥಾನದಲ್ಲಿರಿಸಿ ಸ್ಮರಿಸಿದರು. ಸಂಗಮದ ಆಸುಪಾಸಿನಲ್ಲಿ ಕೃಷ್ಣೆಯ ದಂಡೆಗೆ ತಂಗಡಗಿಯೆಂಬ ಊರಿದೆ. ನೀಲಾಂಬಿಕೆಯವರ ಐಕ್ಯಸ್ಥಳವೆಂದು ಭಕ್ತರು ಅಲ್ಲಿಗೆ ಹೋಗುವರು. ಆ ಊರಿನ ಹೆಸರಿನಲ್ಲಿ ನಮ್ಮ ಈ ಗಿಡವೇ ಕುಳಿತಿದೆಯೆಂದು ನನಗೆ ತೋರುವದು. ಭಾಷಾಶಾಸ್ತ್ರಜ್ಞರು ಒಪ್ಪದಿದ್ದರೆ ನನ್ನ ಹಟವೇನಿಲ್ಲ.

ಖರಾಬು ನೆಲಕ್ಕೆ ಮೊದಲ ಪೆಟ್ಟು ಬಿದ್ದುದು ಹತ್ತಿಯಿಂದ. 1840ರ ಸುಮಾರಿಗೆ ಕಂಪನಿ ಸರಕಾರದವರು ಅಮೇರಿಕದ ಹತ್ತಿಯ ಬೀಜವನ್ನೂ ಅಲ್ಲಿಯ ಬೆಳೆಗಾರರನ್ನೂ ತರಿಸಿದರು. ಧಾರವಾಡ-ಅಮೇರಿಕನ್ ಎಂಬ ತಳಿಯು ಈ ಎರೆಯಲ್ಲಿ ನೆಲೆಯೂರಿತು. 1861ರಿಂದ 1865ರ ವರೆಗೆ ಅಮೇರಿಕದ ಅಂತರ್ಯುದ್ಧದಿಂದಾಗಿ ಇಂಗ್ಲಂಡದ ಗಿರಣಿಗಳಿಗೆ ಅರಳೆಯು ಸಾಲದಾಗಿ ಧಾರಣೆಯು ಏರಿದಾಗ, ಬದುವನ್ನು ಕಿರಿದು ಮಾಡಿ ಒಂದು ಸಾಲು ಹತ್ತಿಯನ್ನು ಹೆಚ್ಚಾಗಿ ಬಿತ್ತುವದು ಜಾಣತನವೆನಿಸಿತು. ಅನಂತರ 1876-78ರ ಘೋರ ಬರ. ಮೇವಿಲ್ಲದೆ ದನಗಳು ಸತ್ತವು; ದೇಶದ ಬಂದರುಗಳಿಂದ ತೊಗಲಿನ ರಫ್ತು ಏರಿತು. ರೈತನ ನಾಶವು ವ್ಯಾಪಾರದ ಲೆಕ್ಕದಲ್ಲಿ ಹೆಚ್ಚಳವಾಗಿ ಕಾಣುವ ವಿಚಿತ್ರವಿದು. ಬರದ ನಾಡಿಗೆ ಧಾನ್ಯವನ್ನು ಮುಟ್ಟಿಸುವದಕ್ಕಾಗಿ 1882ರಲ್ಲಿ ಸದರ್ನ್ ಮರಾಠಾ ರೇಲ್ವೆ ಕಂಪನಿಯು ಹುಟ್ಟಿತು. 1884ರಲ್ಲಿ ಹೋಟಗಿ-ಗದಗ ದಾರಿಯು ತೆರೆಯಿತು. ಹತ್ತಿಯು ಆ ದಾರಿಯಿಂದ ಹೊರಗೆ ಹೋಯಿತು. ತಂಗಡಿಗೂ ಒಂದು ಲಾಭವಾಯಿತು: ನೇಗಿಲು ತಾಕದ ಉದ್ದನೆಯ ಏರಿಯೊಂದು ಅದಕ್ಕೆ ದೊರೆಯಿತು.

ಇದೇ ಕಾಲದಲ್ಲಿ ಮದ್ರಾಸದ ಕಡೆಗೆ ಆವಾರಂ ತೊಗಟೆಯಿಂದ ಹದಮಾಡಿದ ತೊಗಲು ಲಂಡನ್ನಿನ ಪೇಟೆಯಲ್ಲಿ ಹೆಸರಾಗಿತ್ತು. 1914-18ರ ಮಹಾಯುದ್ಧದಲ್ಲಿ ಬ್ರಿಟಿಷ್ ಸೈನಿಕರ ಬೂಟುಗಳ ಮೇಲ್ಭಾಗಕ್ಕೆ ಈ ತೊಗಲೇ ಬೇಕಾಗಿ, ಸರಕಾರವೇ ಖರೀದಿಯನ್ನು ಕೈಗೆತ್ತಿಕೊಂಡಿತು. ನಮ್ಮ ಬದುಗಳ ಮೇಲಿನ ಪೊದೆಯ ಒಡಹುಟ್ಟು ಫ್ರಾನ್ಸದ ಕಂದಕಗಳ ಕೆಸರನ್ನು ಕಂಡಿತೆಂದು ಯಾರು ನೆನೆದಾರು! ಆದರೆ ಆ ವೈಭವವು ನಿಲ್ಲಲಿಲ್ಲ. ಆಸ್ಟ್ರೇಲಿಯದ ಮೂಲದ ವಾಟಲ್ ಎಂಬ ಮರವನ್ನು ದಕ್ಷಿಣ ಆಫ್ರಿಕದ ನೆಟಾಲದಲ್ಲಿ ತೋಟಗಳಾಗಿ ಬೆಳೆಸಿದ್ದರು. ಅದರ ತೊಗಟೆಯಲ್ಲಿ ಒಗರು ನೂರಕ್ಕೆ 30ಕ್ಕೂ ಮೇಲು. ಬದು ಬದು ತಿರುಗಿ ಕೊಯ್ದು, ಕಡ್ಡಿಗಳನ್ನು ಬಡಿದು ಸಿಪ್ಪೆ ಬಿಡಿಸಬೇಕಾದ ತಂಗಡಿಯು ಹಡಗಿನಲ್ಲಿ ಮೂಟೆಮೂಟೆಯಾಗಿ ಬರುವ ವಾಟಲಿನೆದುರು ಹಿಂದೆ ಬಿದ್ದಿತು. ಇತ್ತ ಮದ್ರಾಸದಲ್ಲಿ ಚಾಟರ್ಟನ್ ಸಾಹೇಬರು ಇಪ್ಪತ್ತನೆಯ ಶತಮಾನದ ಆರಂಭದಲ್ಲಿಯೇ ಕ್ರೋಮ್ ಲವಣದಿಂದ ಹದಮಾಡುವ ಪ್ರಯೋಗವನ್ನು ನಡೆಸಿದ್ದರು. ತಿಂಗಳುಗಳ ಕೆಲಸವು ದಿನಗಳಿಗಿಳಿಯಿತು. ಹಳ್ಳಿಗಳಲ್ಲಿ ಉಳಿದ ಅಷ್ಟಿಷ್ಟು ಕೆಲಸವನ್ನು ಮುಂದೆ ರಬ್ಬರಿನ ಚಪ್ಪಲಿಯೂ ಪ್ಲಾಸ್ಟಿಕ್ ಹಗ್ಗವೂ ವಿದ್ಯುತ್ ಪಂಪೂ ಮುಗಿಸಿದವು. ಕೊಲ್ಹಾಪುರಿ ಚಪ್ಪಲಿಗೆ 2019ರಲ್ಲಿ ಭೌಗೋಲಿಕ ಗುರುತು ದೊರೆತಾಗ ಬೆಳಗಾವಿ, ಧಾರವಾಡ, ಬಾಗಲಕೋಟೆ, ವಿಜಾಪುರ ಜಿಲ್ಲೆಗಳು ಅದರೊಳಗೆ ಬಂದವು. 1997ರಲ್ಲಿ ಧಾರವಾಡದಿಂದ ಬೇರ್ಪಟ್ಟ ನಮ್ಮ ಗದಗ ಜಿಲ್ಲೆಯು ಆ ಪಟ್ಟಿಯಲ್ಲಿಲ್ಲ.

ಇಲ್ಲಿ ಹೊರದೇಶದ ಒಂದು ಮಾತನ್ನು ಹೇಳಿದರೆ ಅಪ್ರಸ್ತುತವಾಗದು. ಅಮೇರಿಕದಲ್ಲಿ ಗೋಲ್ಡನ್‌ರಾಡ್, ಅಂದರೆ ಹೊಂಗೋಲು, ಎಂಬ ಹಳದಿಹೂವಿನ ಕಾಡುಗಿಡವಿದೆ, ಅದೂ ಬೀಳುಭೂಮಿಯದೇ. ಎಡಿಸನ್ನನು 1927ರಿಂದ ಫೋರ್ಡ್, ಫೈರ್‌ಸ್ಟೋನರ ಹಣದ ಸಹಾಯದಿಂದ ಅದರ ಎಲೆಯೊಳಗಿನ ರಬ್ಬರನ್ನು ತೆಗೆಯಲು ಯತ್ನಿಸಿ, 1931ರಲ್ಲಿ ತೀರಿಕೊಳ್ಳುವ ವರೆಗೆ ಅದರ ಬೆನ್ನು ಹತ್ತಿದ್ದನು. ವ್ಯಾಪಾರಕ್ಕೆ ಬಾರದ ಆ ಪ್ರಯೋಗವು ಪುಸ್ತಕಗಳಲ್ಲಿ ಉಳಿದಿದೆ. ಶತಮಾನಗಳ ಕಾಲ ನಡೆದ ಡೋಹರರ ಪ್ರಯೋಗವನ್ನು ಬರೆದಿಟ್ಟವರು ವಿರಳ.

ಈಗ ಗಿಡದ ನೆಲೆಯ ಸ್ಥಿತಿಯೇನು? 1972ರಲ್ಲಿ ನವಿಲುತೀರ್ಥದ ಅಣೆಕಟ್ಟು ಮುಗಿದು ಕಾಲುವೆಯ ನೀರು ಬಂದಲ್ಲಿ ಬದುವಿನ ಒಂದು ಮೊಳವೂ ಬೆಲೆಯುಳ್ಳದ್ದಾಯಿತು. ನೀರಿಲ್ಲದ ಗಾಯರಾಣಗಳನ್ನೂ ಹೊಳೆಯ ದಂಡೆಯನ್ನೂ ಬಳ್ಳಾರಿಜಾಲಿಯು ಆಕ್ರಮಿಸಿತು. ಅದರ ದಟ್ಟನೆಯ ನೆರಳಿನಲ್ಲಿ ತಂಗಡಿಯು ಬಾಳಲಾರದು. 2009ರ ಮಲಪ್ರಭೆಯ ಮಹಾಪೂರದಲ್ಲಿ ದಂಡೆಯ ಊರುಗಳ ಮನೆಮಾರುಗಳೇ ಮುಳುಗಿದವು. ಆಗ ಪೊದೆಯ ಚಿಂತೆ ಯಾರಿಗಿದ್ದೀತು? ಅತ್ತ ತೆಲಂಗಾಣದವರು 2014ರಲ್ಲಿ ತಮ್ಮ ರಾಜ್ಯವನ್ನು ಪಡೆದಾಗ ತಂಗೇಡು ಹೂವನ್ನೇ ರಾಜ್ಯಪುಷ್ಪವಾಗಿ ಆರಿಸಿಕೊಂಡರು. ಅಲ್ಲಿಯ ಹೆಣ್ಣುಮಕ್ಕಳು ಬತುಕಮ್ಮನನ್ನು ಹೂವಿನಿಂದ ಕಟ್ಟುವಾಗ ಇದು ಮುಖ್ಯವಾದ ಹೂವು. ದಾವಣಗೆರೆ, ಹಾವೇರಿಗಳ ಕಡೆಯ ಹಲವು ಊರುಗಳಲ್ಲಿ ದೀಪಾವಳಿಯ ದಿನ ಸಗಣಿಯ ಹಟ್ಟಿಲಕ್ಕಮ್ಮನಿಗೆ ಇದನ್ನು ಮುಡಿಸುವರು.

ಕಳೆದ ಮಾನವಮಿಯ ಸುಮಾರಿಗೆ ನಾನು ಹೊಳೆಆಲೂರಿನಲ್ಲಿ ಇಳಿದಿದ್ದೆನು. ಎರಡನೆಯ ಹಳಿಯ ಕೆಲಸಕ್ಕಾಗಿ ಹಿಂದೆ ತಿರುವಿಹಾಕಿದ ಮಣ್ಣಿನ ಮೇಲೆ ಮೊಳಕಾಲೆತ್ತರದ ತಂಗಡಿಯು ಆಗಲೇ ಹೂ ಬಿಟ್ಟಿತ್ತು. ಅಲ್ಲಿ ಕುರಿ ಕಾಯುತ್ತಿದ್ದ ಮುದುಕರೊಬ್ಬರನ್ನು ಮಾತಾಡಿಸಿದೆನು. ಅವರು ಒಂದು ಕಡ್ಡಿಯನ್ನು ಮುರಿದು, ಉಗುರಿನಿಂದ ಸಿಪ್ಪೆಯನ್ನು ಸುಲಿದು ನನ್ನ ಕೈಗಿತ್ತು, "ಅಗಿದು ನೋಡ್ರಿ, ಒಗರು ಬರತೈತಿ. ನಮ್ಮಜ್ಜ ಇದರ ತೊಗಟೀ ಹೊರೀ ಕಟಗೊಂಡು ಡೋಹರ ಓಣಿಗೆ ಒಯ್ದು ಕೊಟ್ಟು, ಕೆರ ಮಾಡಿಸಿಕೊಂಡು ಬರತಿದ್ದ" ಎಂದರು. ನಾನು ಅಗಿದೆನು, ನಾಲಗೆಯು ಬಿಗಿದುಕೊಂಡಿತು. ಅವರ ಕುರಿಗಳು ಗಿಡವನ್ನು ಮೂಸಿ ನೋಡಿ ಮುಂದಕ್ಕೆ ಹೋದವು.