ಜೋನ್ ಹಿಕ್ಸನ್: ಅರ್ಧ ಶತಮಾನ ಪೋಷಕ ನಟಿ, 78ರಲ್ಲಿ ಮಿಸ್ ಮಾರ್ಪಲ್

ಮನೆಗೆಲಸದಾಕೆ, ಬಾಡಿಗೆ ಮನೆಯ ಒಡತಿ, ಆಸ್ಪತ್ರೆಯ ಮೇಟ್ರನ್, ನೆರೆಮನೆಯ ಮುದುಕಿ. ಬ್ರಿಟಿಷ್ ಚಿತ್ರಗಳಲ್ಲಿ ಇಂತಹ ಪಾತ್ರಗಳನ್ನೇ ನಿರ್ವಹಿಸುತ್ತ ಐವತ್ತು ವರ್ಷಗಳನ್ನು ಕಳೆದ ನಟಿ ಜೋನ್ ಹಿಕ್ಸನ್ (1906-1998). ಮುಖ ಕಂಡೊಡನೆ ಪ್ರೇಕ್ಷಕರು ಗುರುತಿಸುತ್ತಿದ್ದರು, ಹೆಸರು ಮಾತ್ರ ಅನೇಕರಿಗೆ ತಿಳಿದಿರಲಿಲ್ಲ. 1984ರಲ್ಲಿ, ತಮ್ಮ 78ನೇ ವಯಸ್ಸಿನಲ್ಲಿ, ಬಿಬಿಸಿ ಟೆಲಿವಿಷನ್‌ಗಾಗಿ ಅಗಾಥಾ ಕ್ರಿಸ್ಟಿಯ ಪತ್ತೇದಾರಿಣಿ ಮಿಸ್ ಮಾರ್ಪಲ್ ಆಗಿ ಕಾಣಿಸಿಕೊಂಡ ನಂತರವೇ ಅವರು ಮನೆಮಾತಾದದ್ದು.

ಆರಂಭದ ದಿನಗಳು

ಹಿಕ್ಸನ್ ಜನಿಸಿದ್ದು 1906ರ ಆಗಸ್ಟ್ 5ರಂದು, ಇಂಗ್ಲೆಂಡಿನ ನಾರ್ಥಾಂಪ್ಟನ್ ಸಮೀಪದ ಕಿಂಗ್ಸ್‌ಥಾರ್ಪ್‌ನಲ್ಲಿ. ತಂದೆ ಪಾದರಕ್ಷೆ ತಯಾರಕರು. ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಡ್ರಮಾಟಿಕ್ ಆರ್ಟ್ ಸಂಸ್ಥೆಯಲ್ಲಿ ಅಭಿನಯ ಶಿಕ್ಷಣ ಪಡೆದ ಅವರು 1927ರಲ್ಲಿ ವೃತ್ತಿ ರಂಗಭೂಮಿಗೆ ಕಾಲಿಟ್ಟರು. ಮಿಸ್ ಮಾರ್ಪಲ್ ಎಂಬ ಪಾತ್ರ ಕ್ರಿಸ್ಟಿಯ ಸಣ್ಣಕತೆಯೊಂದರಲ್ಲಿ ಮೊದಲ ಬಾರಿಗೆ ಓದುಗರ ಮುಂದೆ ಬಂದದ್ದೂ ಅದೇ ವರ್ಷದ ಡಿಸೆಂಬರ್‌ನಲ್ಲಿ ಎಂಬುದು ಕಾಕತಾಳೀಯ. ಆಕ್ಸ್‌ಫರ್ಡ್ ಪ್ಲೇಹೌಸ್ ಹಾಗೂ ಲಂಡನ್ನಿನ ವೆಸ್ಟ್ ಎಂಡ್ ನಾಟಕಶಾಲೆಗಳಲ್ಲಿ ಅವರು ಹೆಚ್ಚಾಗಿ ಹಾಸ್ಯ ಪಾತ್ರಗಳನ್ನು ನಿರ್ವಹಿಸಿದರು. 1932ರಲ್ಲಿ ವೈದ್ಯ ಎರಿಕ್ ಬಟ್ಲರ್ ಅವರನ್ನು ವಿವಾಹವಾದರು. 1934ರಲ್ಲಿ ಚಿತ್ರರಂಗ ಪ್ರವೇಶವಾಯಿತು.

ಹೆಸರಿಗಿಂತ ಮುಖ ಪರಿಚಿತ

ಅಂದಿನ ಬ್ರಿಟಿಷ್ ಚಿತ್ರೋದ್ಯಮಕ್ಕೆ ನಾಯಕ ನಾಯಕಿಯರಷ್ಟೇ ಅಗತ್ಯವಾಗಿದ್ದವರು ಪೋಷಕ ಕಲಾವಿದರು. ಒಂದೆರಡು ದೃಶ್ಯಗಳಲ್ಲಿ ಬಂದು, ಇಂಥವರನ್ನು ಎಲ್ಲೋ ನೋಡಿದ್ದೇವೆ ಎಂಬ ನಂಬಿಕೆಯನ್ನು ಪ್ರೇಕ್ಷಕರಲ್ಲಿ ಮೂಡಿಸಿ ಮರೆಯಾಗುವುದು ಅವರ ಕೆಲಸ. ಹಿಕ್ಸನ್ ಈ ವಿದ್ಯೆಯಲ್ಲಿ ಪಳಗಿದವರು.

ಅಣುಬಾಂಬ್ ಬೆದರಿಕೆಯ ಕತೆಯುಳ್ಳ 'ಸೆವೆನ್ ಡೇಸ್ ಟು ನೂನ್' (1950) ಚಿತ್ರದಲ್ಲಿ ಅವರು ಬಾಡಿಗೆದಾರನ ಮೇಲೆ ಅನುಮಾನಪಡುವ ಮನೆಯೊಡತಿ. ಜನಪ್ರಿಯ 'ಕ್ಯಾರಿ ಆನ್' ಹಾಸ್ಯ ಸರಣಿಯ ಐದು ಚಿತ್ರಗಳಲ್ಲಿ ನಟಿಸಿದರು. ಅವುಗಳಲ್ಲಿ 1959ರ 'ಕ್ಯಾರಿ ಆನ್ ನರ್ಸ್' ಮೊದಲನೆಯದು. 1963ರಿಂದ 1966ರವರೆಗೆ ಪ್ರಸಾರವಾದ 'ಅವರ್ ಮ್ಯಾನ್ ಅಟ್ ಸೇಂಟ್ ಮಾರ್ಕ್ಸ್' ಟಿವಿ ಹಾಸ್ಯ ಧಾರಾವಾಹಿಯಲ್ಲಿ ಪಾದ್ರಿಯ ಮನೆವಾರ್ತೆ ನೋಡಿಕೊಳ್ಳುವ ಮಿಸೆಸ್ ಪೀಸ್ ಆಗಿದ್ದರು.

ರಂಗಭೂಮಿಯ ನಂಟನ್ನು ಅವರು ಬಿಡಲಿಲ್ಲ. ಪೀಟರ್ ನಿಕೋಲ್ಸ್ ಅವರ 'ಎ ಡೇ ಇನ್ ದ ಡೆತ್ ಆಫ್ ಜೋ ಎಗ್' ನಾಟಕದ ಅಜ್ಜಿಯ ಪಾತ್ರವನ್ನು ರಂಗದ ಮೇಲೂ, 1972ರ ಚಿತ್ರರೂಪದಲ್ಲೂ ನಿರ್ವಹಿಸಿದರು. ಅಲನ್ ಏಕ್‌ಬೋರ್ನ್ ಅವರ 'ಬೆಡ್‌ರೂಮ್ ಫಾರ್ಸ್' ನಾಟಕದಲ್ಲಿ ಅವರು ವೃದ್ಧ ದಂಪತಿಗಳ ಪೈಕಿ ಪತ್ನಿ ಡೆಲಿಯಾ. ಈ ಪಾತ್ರಕ್ಕಾಗಿ 1979ರಲ್ಲಿ ಅಮೆರಿಕದ ಪ್ರತಿಷ್ಠಿತ ಟೋನಿ ಪ್ರಶಸ್ತಿ ಲಭಿಸಿತು. ಪ್ರಶಸ್ತಿ ಬಂದಾಗ ಅವರ ವಯಸ್ಸು 72. ಅದು ಕೂಡ ಪೋಷಕ ಪಾತ್ರಕ್ಕೆ ಸಂದ ಗೌರವವೇ.

ಕ್ರಿಸ್ಟಿ ಬರೆದ ಚೀಟಿ

ಅಗಾಥಾ ಕ್ರಿಸ್ಟಿ ಕೃತಿಗಳೊಡನೆ ಹಿಕ್ಸನ್ ಅವರ ನಂಟು ಬಹಳ ಹಳೆಯದು. ಕ್ರಿಸ್ಟಿಯ ಕತೆಯನ್ನಾಧರಿಸಿದ 'ಲವ್ ಫ್ರಮ್ ಎ ಸ್ಟ್ರೇಂಜರ್' (1937) ಚಿತ್ರದಲ್ಲಿ ಅವರು ಮನೆಗೆಲಸದ ಹುಡುಗಿಯಾಗಿದ್ದರು. 1940ರ ದಶಕದಲ್ಲಿ ಕ್ರಿಸ್ಟಿಯ 'ಅಪಾಯಿಂಟ್‌ಮೆಂಟ್ ವಿತ್ ಡೆತ್' ನಾಟಕದಲ್ಲಿ ಒಂದು ಸಣ್ಣ ಪಾತ್ರ ವಹಿಸಿದರು. ಅಭಿನಯ ಮೆಚ್ಚಿದ ಲೇಖಕಿ, ಮುಂದೊಂದು ದಿನ ನೀವು ನನ್ನ ಮಿಸ್ ಮಾರ್ಪಲ್ ಪಾತ್ರ ವಹಿಸುವಿರೆಂದು ಆಶಿಸುತ್ತೇನೆ ಎಂಬರ್ಥದ ಚೀಟಿಯೊಂದನ್ನು ಕಳುಹಿಸಿದರು. ಆಗ ಹಿಕ್ಸನ್ ಅವರಿಗೆ ನಲವತ್ತರ ಆಸುಪಾಸು.

ಆದರೆ ಆ ಪಾತ್ರ ಬೇರೆಯವರ ಪಾಲಾಯಿತು. 1961ರಿಂದ 1964ರವರೆಗೆ ನಾಲ್ಕು ಚಿತ್ರಗಳಲ್ಲಿ ಮಾರ್ಗರೆಟ್ ರುದರ್‌ಫರ್ಡ್ ಅಬ್ಬರದ, ನಗೆಯುಕ್ಕಿಸುವ ಮಾರ್ಪಲ್ ಆಗಿ ಜನಪ್ರಿಯರಾದರು. ಅವುಗಳಲ್ಲಿ ಮೊದಲನೆಯದಾದ 'ಮರ್ಡರ್ ಶೀ ಸೆಡ್'ನಲ್ಲಿ ಹಿಕ್ಸನ್ ಕೂಡ ಇದ್ದರು, ಮನೆಗೆಲಸದ ಮಿಸೆಸ್ ಕಿಡ್ಡರ್ ಆಗಿ. ರುದರ್‌ಫರ್ಡ್ ಅವರನ್ನು ನಟಿಯಾಗಿ ಗೌರವಿಸಿದ ಕ್ರಿಸ್ಟಿ 1962ರ ಕಾದಂಬರಿಯೊಂದನ್ನು ಅವರಿಗೆ ಅರ್ಪಿಸಿದರಾದರೂ, ತಮ್ಮ ಕಲ್ಪನೆಯ ಮಾರ್ಪಲ್ ಅವರಲ್ಲ ಎಂಬ ಭಾವನೆ ಲೇಖಕಿಗಿತ್ತು. 1976ರ ಜನವರಿಯಲ್ಲಿ ಕ್ರಿಸ್ಟಿ ನಿಧನರಾದರು. ಅವರ ಆಶಯ ಈಡೇರಲು ಇನ್ನೂ ಎಂಟು ವರ್ಷಗಳಿದ್ದವು.

ಸೇಂಟ್ ಮೇರಿ ಮೀಡ್‌ನ ಅಜ್ಜಿ

1984ರ ಡಿಸೆಂಬರ್ 26ರಂದು ಬಿಬಿಸಿಯಲ್ಲಿ 'ದ ಬಾಡಿ ಇನ್ ದ ಲೈಬ್ರರಿ' ಪ್ರಸಾರ ಆರಂಭವಾಯಿತು. ಹ್ಯಾಂಪ್‌ಷೈರ್‌ನ ನೆದರ್ ವಾಲಪ್ ಎಂಬ ಹಳ್ಳಿ ಕಾದಂಬರಿಯ ಸೇಂಟ್ ಮೇರಿ ಮೀಡ್ ಆಗಿ ತೆರೆಯ ಮೇಲೆ ಮೂಡಿತು. ಅಲ್ಲಿಂದ 1992ರವರೆಗೆ ಮಾರ್ಪಲ್ ಕುರಿತ ಎಲ್ಲ 12 ಕಾದಂಬರಿಗಳೂ ಹಿಕ್ಸನ್ ಅವರ ಅಭಿನಯದಲ್ಲಿ ಟಿವಿಗೆ ಬಂದವು. ಕೊನೆಯ ಕಂತು ಪ್ರಸಾರವಾದಾಗ ಅವರಿಗೆ 86 ವರ್ಷ. 1987ರ '4.50 ಫ್ರಮ್ ಪ್ಯಾಡಿಂಗ್ಟನ್' ಇಲ್ಲಿ ವಿಶೇಷವಾಗಿ ಉಲ್ಲೇಖನೀಯ. 'ಮರ್ಡರ್ ಶೀ ಸೆಡ್' ಚಿತ್ರಕ್ಕೆ ಆಧಾರವಾದದ್ದೂ ಇದೇ ಕತೆ. 26 ವರ್ಷಗಳ ಹಿಂದೆ ಮನೆಗೆಲಸದಾಕೆಯಾಗಿದ್ದ ನಟಿಯೇ ಈ ಬಾರಿ ಕೊಲೆಗಾರನನ್ನು ಪತ್ತೆಹಚ್ಚಿದರು.

ಈ ಯಶಸ್ಸಿಗೆ ಕಾರಣ ಪಾತ್ರದ ಸ್ವರೂಪದಲ್ಲೇ ಇದೆ. ಮಿಸ್ ಮಾರ್ಪಲ್‌ಗೆ ಅಧಿಕಾರವಿಲ್ಲ, ದೈಹಿಕ ಬಲವಿಲ್ಲ. ಮೂಲೆಯಲ್ಲಿ ಉಣ್ಣೆ ಹೆಣೆಯುತ್ತ ಕುಳಿತ ಅಜ್ಜಿಯನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ ಎಂಬುದೇ ಆಕೆಯ ಅಸ್ತ್ರ. ಎಲ್ಲರೂ ಆಕೆಯೆದುರು ನಿರಾತಂಕವಾಗಿ ಮಾತನಾಡುತ್ತಾರೆ, ಆಕೆ ಕೇಳಿಸಿಕೊಳ್ಳುತ್ತಾಳೆ. ಗಮನ ಸೆಳೆಯದೆ ದೃಶ್ಯದ ಅಂಚಿನಲ್ಲಿರುವುದು, ಇತರರ ಮಾತನ್ನು ಆಲಿಸುವುದು, ಕಣ್ಣಿನ ಒಂದು ಚಲನೆಯಿಂದ ಅರ್ಥ ಹೊಮ್ಮಿಸುವುದು ಪೋಷಕ ನಟಿಯ ನಿತ್ಯದ ಕಸುಬು. ಹಿಕ್ಸನ್ ಐವತ್ತು ವರ್ಷ ಮಾಡಿದ್ದು ಅದನ್ನೇ. ಮೃದು ದನಿ ಮತ್ತು ತೀಕ್ಷ್ಣ ನೋಟದ ಅವರ ಮಾರ್ಪಲ್‌ನಲ್ಲಿ ಕಾಣುವುದು ಆ ಸಣ್ಣ ಪಾತ್ರಗಳ ಫಲ. ನಲವತ್ತರಲ್ಲಿ ಈ ಅವಕಾಶ ದೊರೆತಿದ್ದರೆ ಬಿಳಿಕೂದಲನ್ನು ಅಂಟಿಸಬಹುದಿತ್ತು, ಆ ಅನುಭವವನ್ನಲ್ಲ.

ಗೌರವ ಮತ್ತು ಕೊನೆಯ ವರ್ಷಗಳು

ಈ ಪಾತ್ರಕ್ಕಾಗಿ ಎರಡು ಬಾರಿ ಬಾಫ್ಟಾ ಅತ್ಯುತ್ತಮ ನಟಿ ಪ್ರಶಸ್ತಿಗೆ ಅವರ ಹೆಸರು ನಾಮನಿರ್ದೇಶನಗೊಂಡಿತು. 1987ರಲ್ಲಿ ಬ್ರಿಟನ್ ಸರ್ಕಾರದ ಒಬಿಇ ಗೌರವ ಸಂದಿತು. ಮಾರ್ಪಲ್ ಕತೆಗಳನ್ನು ಧ್ವನಿಪುಸ್ತಕಗಳಿಗಾಗಿಯೂ ಓದಿದರು. ಖ್ಯಾತಿ ಬಂದ ಬಳಿಕವೂ ಸಣ್ಣ ಪಾತ್ರಗಳನ್ನು ನಿರಾಕರಿಸಲಿಲ್ಲ. 1986ರ 'ಕ್ಲಾಕ್‌ವೈಸ್' ಹಾಸ್ಯಚಿತ್ರದ ಮಿಸೆಸ್ ಟ್ರೆಲ್ಲಿಸ್ ಇದಕ್ಕೆ ನಿದರ್ಶನ.

ಪತಿ 1967ರಲ್ಲಿ ನಿಧನರಾಗಿದ್ದರು. ನಾಲ್ಕು ದಶಕ ಕಾಲ ಎಸೆಕ್ಸ್‌ನ ವಿವನ್‌ಹೋ ಊರಿನಲ್ಲಿ ನೆಲೆಸಿದ್ದ ಹಿಕ್ಸನ್, 1998ರ ಅಕ್ಟೋಬರ್ 17ರಂದು ಕಾಲ್ಚೆಸ್ಟರ್‌ನಲ್ಲಿ 92ನೇ ವಯಸ್ಸಿನಲ್ಲಿ ಕೊನೆಯುಸಿರೆಳೆದರು. ಡೆವನ್‌ನ ಸಿಡ್‌ಬರಿ ಸ್ಮಶಾನದಲ್ಲಿ ಅವರ ಅಂತ್ಯಕ್ರಿಯೆ ನಡೆದದ್ದು ಜೋನ್ ಬೋಗಲ್ ಬಟ್ಲರ್ ಎಂಬ ವಿವಾಹಾನಂತರದ ಹೆಸರಿನಲ್ಲಿ. ಆ ಬಳಿಕ ಜೆರಾಲ್ಡಿನ್ ಮೆಕ್‌ಇವನ್, ಜೂಲಿಯಾ ಮೆಕೆಂಜಿ ಮೊದಲಾದವರು ಈ ಪಾತ್ರ ನಿರ್ವಹಿಸಿದ್ದಾರೆ. ಆದರೂ ಕ್ರಿಸ್ಟಿಯ ಮೂಲ ಕಲ್ಪನೆಗೆ ಅತ್ಯಂತ ಸಮೀಪದ ಮಾರ್ಪಲ್ ಯಾರೆಂದು ಕೇಳಿದರೆ, ಅಭಿಮಾನಿಗಳಲ್ಲಿ ಅನೇಕರು ಮೊದಲು ಹೇಳುವುದು ಹಿಕ್ಸನ್ ಹೆಸರನ್ನೇ.