ಮೊಟ್ಟೆ, ಮಗುವಿನ ಎತ್ತರ ಮತ್ತು ಒಂದು ಸರ್ವೇ: ಕ್ರಾಸ್ ಸೆಕ್ಷನಲ್ ಸ್ಟಡಿ ಅಂದರೇನು?

ಶಾಲೆ, ಅಂಗನವಾಡಿಯಲ್ಲಿ ಮೊಟ್ಟೆ ಕೊಡೋ ವಿಚಾರಕ್ಕೆ ಜಗಳ ಎದ್ದಾಗಲೆಲ್ಲ ಯಾರಾದರೊಬ್ಬರು ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಅಂಕಿ ಹಿಡಿದು ಬರ್ತಾರೆ. ಈ ಸಮೀಕ್ಷೆ ಒಂದು ಕ್ರಾಸ್ ಸೆಕ್ಷನಲ್ ಸ್ಟಡಿ. ಅಂದರೆ, ಆಯ್ದ ಮನೆಗಳಿಗೆ ಒಮ್ಮೆ ಹೋಗಿ, ಎಳೆಯ ಮಗುವಿಗೆ ನಿನ್ನೆ ಏನು ತಿನ್ನಿಸಿದಿರಿ ಅಂತ ಕೇಳಿ, ಅದೇ ಭೇಟಿಯಲ್ಲಿ ಎತ್ತರ, ತೂಕ ಅಳೆಯೋದು. 2019-21ರ ಐದನೇ ಸುತ್ತು ಸುಮಾರು 6.37 ಲಕ್ಷ ಮನೆಗಳನ್ನು ತಲುಪಿತ್ತು. ದೇಶದಲ್ಲಿ ಐದು ವರ್ಷದೊಳಗಿನ ಶೇ. 35.5ರಷ್ಟು ಮಕ್ಕಳಿಗೆ ವಯಸ್ಸಿಗೆ ತಕ್ಕ ಎತ್ತರ ಇಲ್ಲ ಅಂತ ಹೇಳಿದ್ದು ಅದೇ.

‘ಎಷ್ಟು ಮಕ್ಕಳಿಗೆ?’ ಅನ್ನೋ ಪ್ರಶ್ನೆಗೆ ಇದಕ್ಕಿಂತ ಒಳ್ಳೆಯ ಸಾಧನ ಇಲ್ಲ. ‘ಯಾಕೆ?’ ಅಂತ ಕೇಳಿದರೆ ಮಾತ್ರ ಎಡವುತ್ತೆ. ಮೊಟ್ಟೆ ತಿನ್ನೋ ಮಕ್ಕಳು ಎತ್ತರವಾಗಿದ್ದಾರೆ ಅಂದುಕೊಳ್ಳಿ. ಮೊಟ್ಟೆ ಕೊಳ್ಳಬಲ್ಲ ಮನೆಯಲ್ಲಿ ಶೌಚಾಲಯ, ಓದಿದ ತಾಯಿ, ತಿಂಗಳ ಸಂಬಳವೂ ಇರಬಹುದು. ಎತ್ತರ ಯಾವುದರಿಂದ ಬಂತು? ಲೆಕ್ಕ ತಲೆಕೆಳಗೂ ಆಗಬಹುದು: ಮಗು ಸೊರಗಿದೆ ಅಂತಲೇ ಅಂಗನವಾಡಿಯವರು ಹೆಚ್ಚು ಮೊಟ್ಟೆ ಕೊಡ್ತಿದ್ದರೆ, ಸರ್ವೇಯಲ್ಲಿ ಮೊಟ್ಟೆ ತಿನ್ನೋರೇ ಸೊರಗಿದವರಾಗಿ ಕಾಣ್ತಾರೆ. ಅದೂ ಅಲ್ಲದೆ ಎತ್ತರ ತಿಂಗಳುಗಟ್ಟಲೆಯ ಕತೆ, ಊಟದ ಲೆಕ್ಕ ಒಂದೇ ದಿನದ್ದು.

ಹಾಗಾಗಿಯೇ ಪುರಾವೆಗಳ ಪಿರಮಿಡ್‌ನಲ್ಲಿ ಇದರ ಜಾಗ ಕೆಳಗೆ. ಬಿಡಿ ಪ್ರಕರಣಗಳ ವರದಿಗಿಂತ ಮೇಲೆ, ಅದೇ ಜನರನ್ನು ವರ್ಷಗಟ್ಟಲೆ ಹಿಂಬಾಲಿಸುವ ಕೋಹಾರ್ಟ್ ಅಧ್ಯಯನಕ್ಕಿಂತ ಕೆಳಗೆ. ಇನ್ನೂ ಮೇಲೆ, ಯಾರು ಯಾವ ಗುಂಪಿಗೆ ಅಂತ ಚೀಟಿ ಎತ್ತಿದಂತೆ ನಿರ್ಧರಿಸುವ ರ‍್ಯಾಂಡಮೈಸ್ಡ್ ಟ್ರಯಲ್. ತುದಿಯಲ್ಲಿ ಹಲವು ಟ್ರಯಲ್‌ಗಳನ್ನು ಒಟ್ಟಿಗೆ ತೂಗುವ ಸಿಸ್ಟಮ್ಯಾಟಿಕ್ ರಿವ್ಯೂ.

ಟ್ರಯಲ್ ನಡೀತು ಅಂದ ಮಾತ್ರಕ್ಕೆ ವಾದ ಮುಗಿಯಲ್ಲ. ಈಕ್ವೆಡಾರ್‌ನಲ್ಲಿ 6ರಿಂದ 9 ತಿಂಗಳ 163 ಕೂಸುಗಳನ್ನು ಎರಡು ಗುಂಪು ಮಾಡಿ, ಒಂದಕ್ಕೆ ಆರು ತಿಂಗಳು ದಿನಕ್ಕೊಂದು ಮೊಟ್ಟೆ ಕೊಟ್ಟರು. 2017ರಲ್ಲಿ ಬಂದ ಫಲಿತಾಂಶ: ಆ ಗುಂಪಿನಲ್ಲಿ ಕುಂಠಿತ ಬೆಳವಣಿಗೆ ಶೇ. 47ರಷ್ಟು ಕಮ್ಮಿ. ಮಲಾವಿಯಲ್ಲಿ 660 ಕೂಸುಗಳೊಂದಿಗೆ ಹೆಚ್ಚುಕಮ್ಮಿ ಅದೇ ಪ್ರಯೋಗ ಮಾಡಿದಾಗ ಒಟ್ಟಾರೆ ಎತ್ತರದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಕಾಣಲಿಲ್ಲ. ಅಲ್ಲಿ ಕುಂಠಿತ ಮಕ್ಕಳ ಪ್ರಮಾಣ ಮೊದಲೇ ಕಡಿಮೆ ಇತ್ತು, ಮೀನಂತೂ ಮಾಮೂಲಿ ಊಟ.

ಎರಡೂ ನಡೆದದ್ದು ಕೂಸುಗಳ ಮೇಲೆ, ಆರನೇ ಕ್ಲಾಸಿನ ಬಿಸಿಯೂಟಕ್ಕೆ ನೇರವಾಗಿ ಎಳೆದು ತರೋಕಾಗಲ್ಲ. ಹಾಗಾದರೆ ಯಾದಗಿರಿಯ ಅಂಗನವಾಡಿ ಮಕ್ಕಳ ಸ್ಥಿತಿ ಈಕ್ವೆಡಾರ್‌ಗೆ ಹತ್ತಿರವೋ, ಮಲಾವಿಗೋ? ಅಲ್ಲಿ ಎಷ್ಟು ಮಕ್ಕಳು ಕುಂಠಿತ, ತಟ್ಟೆಯಲ್ಲಿ ಏನಿದೆ ಅಂತ ತಿಳಿಯೋಕೆ ಮತ್ತೆ ಪಿರಮಿಡ್‌ನ ಕೆಳಗಿರುವ ಅದೇ ಸರ್ವೇ ಬೇಕು.